ಬಾಯಿ ಬಿಡಿಸುವ ಕೆಲಸ: ಕಾಸರಗೋಡಿನ ಚಾವಡಿ ಮಾತು ಮತ್ತು ಅನಿಮೇಶನ್ ಕಿರುಚಿತ್ರ

ಕಳೆದ ಆಟಿ ತಿಂಗಳಲ್ಲಿ ಪೆರ್ಲದ ಹತ್ತಿರ ನನ್ನ ಸೋದರತ್ತೆಯ ಮನೆಗೆ ಹೋಗಿದ್ದೆ. ಹೊರಗೆ ಬಿಡದ ಮಳೆ. ಚಾವಡಿಯಲ್ಲಿ ಅಡಿಕೆ ಸುಲಿಯುವ ಕೆಲಸ ನಡೆದಿತ್ತು. ಅತ್ತೆಯನ್ನು ಕೇಳಿಯೇ ಫೋನನ್ನು ಗೋಣಿಚೀಲದ ಮೇಲೆ ರೆಕಾರ್ಡಿಂಗಿಗೆ ಇಟ್ಟೆ. ಮೊದಲ ಹತ್ತು ನಿಮಿಷ ಅತ್ತೆ ರೇಡಿಯೋದಲ್ಲಿ ಭಾಷಣ ಮಾಡುವವರ ಹಾಗೆ ಮಾತಾಡಿದರು. ಆಮೇಲೆ ಫೋನ್ ಇರುವುದೇ ಅವರಿಗೆ ಮರೆತುಹೋಯಿತು.

ಒಂದೂವರೆ ಗಂಟೆಯ ಆ ರೆಕಾರ್ಡಿಂಗನ್ನು ಮನೆಗೆ ಬಂದು ಕೇಳಿದೆ. ನನ್ನ ಹತ್ತಿರ ಅತ್ತೆ ಹವ್ಯಕ ಕನ್ನಡದಲ್ಲಿ ಮಾತಾಡುತ್ತಾರೆ. ಅಡಿಕೆ ಸುಲಿಯುವವರ ಹತ್ತಿರ ತುಳು. ತೆಂಗಿನಕಾಯಿ ಕೀಳುವವರಿಗೆ ಫೋನ್ ಮಾಡಿದಾಗ ಮಲಯಾಳ. ಮಳೆ ತಪ್ಪಿಸಿಕೊಳ್ಳಲು ಜಗಲಿ ಹತ್ತಿದ ಆಚೆಮನೆಯ ಟೀಚರಿಗೆ ಪುಸ್ತಕದ ಕನ್ನಡ. ಒಂದೊಂದು ಸಲ ಮಾತು ಹವ್ಯಕದಲ್ಲಿ ಶುರುವಾಗಿ, ತುಳುವಿನಲ್ಲಿ ತಿರುಗಿ, ಎಲ್ಲಿಯೂ ಮುಗಿಯದೆ ಹೋಗುತ್ತದೆ. ನಡುವೆ ಸಿಪ್ಪೆ ಬಿಡುವ ಸದ್ದು, ಹಂಚಿನ ಮೇಲಿನ ಮಳೆ, ಯಾರದೋ ಕೆಮ್ಮು.

ಇದರಿಂದ ಎರಡೂ ಚಿಲ್ಲರೆ ನಿಮಿಷ ಕತ್ತರಿಸಿ ಅದಕ್ಕೊಂದು ಅನಿಮೇಶನ್ ಚಿತ್ರ ಮಾಡುವುದು ನನ್ನ ಯೋಚನೆ. ಹೊಸದೇನಲ್ಲ ಇದು. ಆದರೆ ನಮ್ಮ ಊರಿನಲ್ಲಿ ಕೂತು ಈ ಕೆಲಸಕ್ಕೆ ಕೈ ಹಾಕಿದಾಗ ಬೇರೆ ಕಡೆ ಏಳದ ಕೆಲವು ಪ್ರಶ್ನೆಗಳು ಏಳುತ್ತವೆ.

ಮಾತು ಮೊದಲು, ಚಿತ್ರ ಆಮೇಲೆ

ಸಾಮಾನ್ಯವಾಗಿ ಅನಿಮೇಶನ್ನಿನಲ್ಲಿ ಮೊದಲು ಕಥೆ ಬರೆಯುತ್ತಾರೆ. ಬರೆದ ಮಾತನ್ನು ನಟರು ಸ್ಟುಡಿಯೋದಲ್ಲಿ ಓದುತ್ತಾರೆ. ಅದಕ್ಕೆ ಸರಿಯಾಗಿ ಚಿತ್ರ ಬಿಡಿಸುತ್ತಾರೆ. ಇಲ್ಲಿ ಹಾಗಲ್ಲ. ಯಾರೋ ತಮ್ಮಷ್ಟಕ್ಕೆ ಆಡಿದ ಮಾತೇ ಮೂಲ. ಅವರು ತಡವರಿಸಿದರೆ ಚಿತ್ರವೂ ತಡವರಿಸಬೇಕು. ಅವರು ಮಾತು ನುಂಗಿದರೆ ಚಿತ್ರವೂ ನುಂಗಬೇಕು.

ಅಮೆರಿಕದ ಜಾನ್ ಮತ್ತು ಫೇತ್ ಹಬ್ಲಿ ದಂಪತಿ 1959ರಲ್ಲಿ 'ಮೂನ್‌ಬರ್ಡ್' ಎಂಬ ಕಿರುಚಿತ್ರ ಮಾಡಿದರು. ಅದರ ಮಾತೆಲ್ಲ ಅವರ ಇಬ್ಬರು ಗಂಡುಮಕ್ಕಳು ಆಡುವಾಗ ರೆಕಾರ್ಡ್ ಮಾಡಿಕೊಂಡದ್ದು. ಮಕ್ಕಳ ಅರ್ಧಂಬರ್ಧ ಮಾತಿಗೆ ರಾತ್ರಿಯಲ್ಲಿ ಹಕ್ಕಿ ಹಿಡಿಯಲು ಹೋಗುವ ಕಥೆ ಕೂಡಿತು. ಅದಕ್ಕೆ ಆಸ್ಕರ್ ಬಂತು. 1968ರಲ್ಲಿ ಹೆಣ್ಣುಮಕ್ಕಳಿಬ್ಬರ ಮಾತಿನಿಂದಲೂ ಹಬ್ಲಿ ದಂಪತಿ ಒಂದು ಚಿತ್ರ ಮಾಡಿದರು.

ಬ್ರಿಟನ್ನಿನ ಆರ್ಡ್‌ಮನ್ ಸ್ಟುಡಿಯೋ ಇನ್ನೂ ಒಂದು ಹೆಜ್ಜೆ ಮುಂದೆ ಹೋಯಿತು. ಪೀಟರ್ ಲಾರ್ಡ್ ಮತ್ತು ಡೇವಿಡ್ ಸ್ಪ್ರಾಕ್ಸ್‌ಟನ್ 1970ರ ದಶಕದ ಕೊನೆಗೆ 'ಡೌನ್ ಅಂಡ್ ಔಟ್' ಮಾಡಿದರು. ಗತಿಯಿಲ್ಲದವರಿಗೆ ಆಸರೆ ಕೊಡುವ ಒಂದು ತಂಗುದಾಣದಲ್ಲಿ ರೆಕಾರ್ಡ್ ಮಾಡಿದ ಮಾತು ಅದು. ಅಲ್ಲಿ ಬಂದು ಊಟ ಕೇಳುವ ಮುದುಕನನ್ನು ಅವರು ಮಣ್ಣಿನ ಬೊಂಬೆ ಮಾಡಿದರು. ನಗಿಸಲು ಮಾಡಿದ ಚಿತ್ರ ಅಲ್ಲ. ಅಂಥ ಜಾಗದಲ್ಲಿ ಕ್ಯಾಮರಾ ಹಿಡಿದು ನಿಂತರೆ ಮುದುಕ ಬಾಯಿ ಬಿಡುತ್ತಿದ್ದನೇ ಅನ್ನುವುದು ನನಗೆ ಅನುಮಾನ.

ಜಗತ್ತಿಗೆ ಈ ದಾರಿ ಗೊತ್ತಾದದ್ದು 1989ರಲ್ಲಿ. ನಿಕ್ ಪಾರ್ಕ್ ಮಾಡಿದ 'ಕ್ರೀಚರ್ ಕಂಫರ್ಟ್ಸ್' ಸುಮಾರು 5 ನಿಮಿಷದ್ದು. ಜನರ ಹತ್ತಿರ ಅವರ ಮನೆ, ಊಟ, ಹವೆ, ಮೃಗಾಲಯ ಅಂತೆಲ್ಲ ಮಾತಾಡಿಸಿದರು. ಆ ದನಿಗಳನ್ನು ಮೃಗಾಲಯದ ಪ್ರಾಣಿಗಳ ಬಾಯಿಗೆ ಹಾಕಿದರು. ಬ್ರೆಜಿಲ್ಲಿನಿಂದ ಓದಲು ಬಂದ ಹುಡುಗನೊಬ್ಬ ಇಂಗ್ಲೆಂಡಿನ ಚಳಿಯನ್ನೂ ಊಟವನ್ನೂ ಬೈದದ್ದು ಬೋನಿನಲ್ಲಿರುವ ಕಾಡುಬೆಕ್ಕಿನ ದೂರಾಯಿತು. ಮಾತು ಬದಲಾಗಲಿಲ್ಲ, ಆಡಿದವರು ಬದಲಾದರು. ಅಷ್ಟಕ್ಕೇ ಅರ್ಥ ಎರಡಾಯಿತು. ಈ ಚಿತ್ರಕ್ಕೆ 1991ರಲ್ಲಿ ಆಸ್ಕರ್ ಬಂತು. ಸ್ಪರ್ಧೆಯಲ್ಲಿ ಪಾರ್ಕರದ್ದೇ ಇನ್ನೊಂದು ಚಿತ್ರವೂ ಇತ್ತು, ಅದು ಸೋತಿತು! ಆಮೇಲೆ ಇದೇ ಬಗೆ ವಿದ್ಯುತ್ ಹೀಟರಿನ ಜಾಹೀರಾತಿಗೂ ಹೋಯಿತು. ಇವತ್ತಿಗೂ ಚಿತ್ರ ಯಾವುದು, ಜಾಹೀರಾತು ಯಾವುದು ಎಂದು ಗೊಂದಲ ಮಾಡಿಕೊಳ್ಳುವವರಿದ್ದಾರೆ.

ಅಮೆರಿಕದ ಸ್ಟೋರಿಕೋರ್ ಸಂಸ್ಥೆಯದ್ದು ಇನ್ನೊಂದು ಮಾದರಿ. 2003ರಲ್ಲಿ ನ್ಯೂಯಾರ್ಕಿನ ರೈಲು ನಿಲ್ದಾಣದಲ್ಲಿ ಒಂದು ಸಣ್ಣ ಗೂಡು ಇಟ್ಟು ಶುರುಮಾಡಿದರು. ಪರಿಚಯದ ಇಬ್ಬರು ಒಳಗೆ ಕೂತು 40 ನಿಮಿಷ ಮಾತಾಡಬಹುದು. ಒಪ್ಪಿದವರ ಮಾತು ಆ ದೇಶದ ದೊಡ್ಡ ಗ್ರಂಥಾಲಯ ಲೈಬ್ರರಿ ಆಫ್ ಕಾಂಗ್ರೆಸ್ಸಿಗೆ ಹೋಗುತ್ತದೆ. 2010ರಿಂದ ಅವುಗಳಲ್ಲಿ ಕೆಲವನ್ನು ಪುಟ್ಟ ಅನಿಮೇಶನ್ ಚಿತ್ರ ಮಾಡಿದರು.

ನಮ್ಮಲ್ಲಿ ಆ ಗೂಡು ಎಲ್ಲರ ಕಿಸೆಯಲ್ಲೇ ಇದೆ. "ಟೈಪ್ ಮಾಡ್ಲಿಕ್ಕೆ ಆಗುದಿಲ್ಲ ಮಾರಾಯ, ವಾಯ್ಸ್ ಹಾಕ್ತೇನೆ" ಅನ್ನದ ಹಿರಿಯರು ಈಗ ಯಾರಿದ್ದಾರೆ? ಕುಂಬಳೆಯಿಂದ ಮುಂಬೈಗೆ, ಬದಿಯಡ್ಕದಿಂದ ದುಬೈಗೆ ದಿನಕ್ಕೆ ಎಷ್ಟು ವಾಯ್ಸ್ ಹೋಗುತ್ತದೋ ದೇವರಿಗೇ ಗೊತ್ತು. ಅಲ್ಲಿರುವುದು ಯಾರೂ ಬರೆದಿಡದ ಮಾತು.

ತಾಳಮದ್ದಳೆ ಕೇಳಿದ ಕಿವಿ

ದನಿಯಿಂದ ಚಿತ್ರ ಕಟ್ಟುವುದು ಕಾಸರಗೋಡಿನವರಿಗೆ ಯಾರೂ ಕಲಿಸಬೇಕಾಗಿಲ್ಲ. ತಾಳಮದ್ದಳೆ ಅಂದರೆ ಅದೇ ಅಲ್ವಾ? ವೇಷ ಇಲ್ಲ, ಕುಣಿತ ಇಲ್ಲ. ಬಿಳಿ ಪಂಚೆ ಉಟ್ಟ ನಾಲ್ಕೈದು ಜನ ಕೂತು ಮಾತಾಡುತ್ತಾರೆ. ಕೇಳುವವರಿಗೆ ಲಂಕೆ ಕಾಣುತ್ತದೆ, ಕುರುಕ್ಷೇತ್ರ ಕಾಣುತ್ತದೆ. ಅರ್ಥಧಾರಿ, ಅಂದರೆ ತಾಳಮದ್ದಳೆಯಲ್ಲಿ ಪಾತ್ರದ ಮಾತಾಡುವ ಕಲಾವಿದ, ಶೇಣಿ ಗೋಪಾಲಕೃಷ್ಣ ಭಟ್ಟರು (1918–2006) ಈ ನೆಲದವರು. ಅವರ ವಾಲಿಯನ್ನೋ ರಾವಣನನ್ನೋ ಕ್ಯಾಸೆಟ್ಟಿನಲ್ಲಿ ಕೇಳುತ್ತ ಅಡಿಕೆ ಸುಲಿದ ಮನೆಗಳು ನಮ್ಮಲ್ಲಿ ಬೇಕಾದಷ್ಟು ಇವೆ.

ಬೊಂಬೆಯಾಟವೂ ಇದೆ. ಕಾಸರಗೋಡಿನ ಯಕ್ಷಗಾನ ಬೊಂಬೆಯಾಟದ ತಂಡ ದೇಶವಿದೇಶಗಳಲ್ಲಿ ಆಟ ಆಡಿ ಬಂದಿದೆ. ಅದನ್ನು ನೋಡಿದವರಿಗೆ ಒಂದು ವಿಷಯ ಗೊತ್ತಿರುತ್ತದೆ. ಮಾತು ಹಿಂದಿನಿಂದ ಬರುತ್ತದೆ. ಬೊಂಬೆಯ ಕತ್ತು ಸ್ವಲ್ಪ ವಾಲಿದರೆ, ಕೈ ಸರಿಯಾದ ಹೊತ್ತಿಗೆ ಎದ್ದರೆ ಸಾಕು, ಮಾತು ಅದರದ್ದೇ ಅನಿಸುತ್ತದೆ. ಅನಿಮೇಶನ್ ಕಲಿಯುವವರು ತುಟಿಯ ಚಲನೆಗೆ ತಲೆ ಕೆಡಿಸಿಕೊಳ್ಳುವುದು ಜಾಸ್ತಿ. ಕತ್ತು ಮತ್ತು ಕೈ ಮೊದಲು ಸರಿಮಾಡಿ ಎಂದು ಬೊಂಬೆಯವರು ಹೇಳಬಹುದು.

ಆದರೆ ನಾವು ಇಷ್ಟು ವರ್ಷ ರೆಕಾರ್ಡ್ ಮಾಡಿ ಇಟ್ಟದ್ದೆಲ್ಲ ಯಾವ ಮಾತು? ಅರ್ಥಗಾರಿಕೆ, ಭಾಷಣ, ಸಮ್ಮೇಳನ, ಸಂದರ್ಶನ. ಅಂದರೆ ಮಡಿ ಉಟ್ಟ ಮಾತು. ನೂರು ವರ್ಷದ ಹಿಂದೆ ಗ್ರಿಯರ್ಸನ್ನರ ಭಾಷಾ ಸರ್ವೇಕ್ಷಣೆಯವರು ಈ ದೇಶದ ಭಾಷೆಗಳನ್ನು ಗ್ರಾಮಫೋನಿಗೆ ಹಿಡಿದರು. ಅವರು ಹೆಚ್ಚಿನ ಕಡೆ ಹೇಳಿಸಿದ್ದು ಬೈಬಲ್ಲಿನ ಒಂದು ಕಥೆ, ಮನೆಬಿಟ್ಟು ಹೋಗಿ ತಿರುಗಿ ಬಂದ ಮಗನದ್ದು; ಜತೆಗೆ ಇನ್ನೊಂದು ಕಥೆಯೋ ಹಾಡೋ. ಹೋಲಿಸಿ ನೋಡಲು ಅದು ಬೇಕು, ಸರಿ. ಇವತ್ತು ಮಧ್ಯಾಹ್ನಕ್ಕೆ ಎಂತ ಪದಾರ್ಥ ಎಂದು ಯಾರನ್ನೂ ಕೇಳಲಿಲ್ಲ. ನಾವೂ ಕೇಳಲಿಲ್ಲ.

ಪುಳ್ಳಿಯನ್ನು (ಮೊಮ್ಮಗುವನ್ನು) ಬೈಯುವ ಅಜ್ಜಿ, ತಡ್ಪೆಯನ್ನು (ಮೊರವನ್ನು) ಮಡಿಲಲ್ಲಿಟ್ಟು ಬೀಡಿ ಕಟ್ಟುತ್ತ, ಕಟ್ಟಿದ ಬೀಡಿ ತೆಗೆದುಕೊಳ್ಳುವ ಬ್ರಾಂಚಿನವರನ್ನು ಆಡಿಕೊಳ್ಳುವ ಹೆಂಗಸರು, ಉಪ್ಪಳದ ಬಸ್ಸಿನಲ್ಲಿ ನಾಲ್ಕು ಭಾಷೆಯಲ್ಲಿ ಚಿಲ್ಲರೆ ಕೇಳುವ ಕಂಡಕ್ಟರ್, ಇವರ್ಯಾರೂ ಕ್ಯಾಸೆಟ್ಟಿಗೆ ಬರಲಿಲ್ಲ. ಈ ಮಾತಿಗೆ ಕಥೆ ಇಲ್ಲ, ಶುರು ಕೊನೆ ಇಲ್ಲ. ಬರೀ ದನಿಯಾಗಿ ಕೇಳಿಸಿದರೆ ಮನೆಯವರಲ್ಲದವರು ಒಂದು ನಿಮಿಷಕ್ಕೆ ಎದ್ದು ಹೋಗುತ್ತಾರೆ. ಅನಿಮೇಶನ್ನಿನ ಉಪಯೋಗ ಇಲ್ಲಿರುವುದು. ಕಣ್ಣಿಗೆ ಒಂದು ಕೆಲಸ ಕೊಟ್ಟು ಕಿವಿಯನ್ನು ಕೂರಿಸುತ್ತದೆ.

'ಅಪ್ಪು' ಎನ್ನಲು ಮೂರು ಬಾಯಿ

ಕೆಲಸದ ಲೆಕ್ಕ ಹೇಳುತ್ತೇನೆ. ಸಿನಿಮಾದಲ್ಲಿ ಸೆಕೆಂಡಿಗೆ 24 ಚೌಕಟ್ಟು. ಕೈಯಲ್ಲಿ ಬಿಡಿಸುವವರು ಒಂದೊಂದು ಚಿತ್ರವನ್ನು ಎರಡೆರಡು ಚೌಕಟ್ಟಿಗೆ ಇಡುವುದು ವಾಡಿಕೆ. ಆಗ ಸೆಕೆಂಡಿಗೆ 12 ಚಿತ್ರ. ನನ್ನ 2 ನಿಮಿಷ 20 ಸೆಕೆಂಡಿಗೆ 1,680 ಚಿತ್ರ. ಎಲ್ಲವನ್ನೂ ಹೊಸದಾಗಿ ಬಿಡಿಸಬೇಕಾಗಿಲ್ಲ. ಮೈ ಹಾಗೇ ಇಟ್ಟು ಬಾಯಿ, ಕಣ್ಣು ಮಾತ್ರ ಬದಲಿಸಬಹುದು. ಬ್ಲೆಂಡರ್, ಕ್ರಿಟಾದಂಥ ತಂತ್ರಾಂಶಗಳು ಉಚಿತ. ಧ್ವನಿ ಕತ್ತರಿಸಲು ಆಡಾಸಿಟಿ ಇದೆ. ಖರ್ಚು ಸಮಯದ್ದು, ಕರೆಂಟಿನದ್ದು. ಮಳೆಗಾಲದಲ್ಲಿ ನಮ್ಮ ಕಡೆ ಎರಡನೆಯದ್ದೇ ದೊಡ್ಡ ಖರ್ಚು.

ಬಾಯಿ ಬಿಡಿಸುವುದು ಮಾತ್ರ ಭಾಷೆಯಿಂದ ಭಾಷೆಗೆ ಬೇರೆ. ಕಣ್ಣು ಮೊದಲು ಹಿಡಿಯುವುದು ತುಟಿ ಮುಚ್ಚುವ ಅಕ್ಷರಗಳನ್ನು. ಪ, ಬ, ಮ ಬಂದಾಗ ತುಟಿ ಮುಚ್ಚದಿದ್ದರೆ ನೋಡುವವರಿಗೆ ಏನೋ ತಪ್ಪಿದೆ ಎಂದು ಕೂಡಲೇ ತಿಳಿಯುತ್ತದೆ. ಉಳಿದದ್ದರಲ್ಲಿ ಸ್ವಲ್ಪ ಆಚೀಚೆ ಆದರೂ ನಡೆಯುತ್ತದೆ. ನಮ್ಮಲ್ಲಿ ಒತ್ತಕ್ಷರ ಬೇರೆ ಇದೆ. 'ಅಮ' ಅಲ್ಲ, 'ಅಮ್ಮ'. ತುಟಿ ಮುಚ್ಚಿ ಒಂದು ಗಳಿಗೆ ನಿಲ್ಲಬೇಕು. ಮುಚ್ಚಿದ ಬಾಯಿಯ ಚಿತ್ರವನ್ನು ಇನ್ನೆರಡು ಚೌಕಟ್ಟು ಜಾಸ್ತಿ ಹಿಡಿಯಬೇಕು. ದನಿ ಕೊಟ್ಟರೆ ತಾನಾಗಿ ಬಾಯಿ ಕೂಡಿಸುವ ತಂತ್ರಾಂಶಗಳು ಹೆಚ್ಚಾಗಿ ಇಂಗ್ಲಿಷನ್ನು ಮನಸ್ಸಿನಲ್ಲಿಟ್ಟು ಮಾಡಿದವು. ನಾನು ಬಳಸಿದ್ದಂತೂ ಎಲ್ಲ 'ಅಮ್ಮ'ನನ್ನೂ 'ಅಮ' ಮಾಡಿತು. ಕೈಯಲ್ಲಿ ತಿದ್ದಿದೆ.

ಹವ್ಯಕ ಕನ್ನಡದಲ್ಲಿ 'ಹೌದು' ಎನ್ನಲು 'ಅಪ್ಪು' ಎನ್ನುತ್ತಾರೆ. ಬಾಯಿ ತೆರೆಯುತ್ತದೆ, ಗಟ್ಟಿಯಾಗಿ ಮುಚ್ಚುತ್ತದೆ, ಆಮೇಲೆ ಉರುಟಾಗುತ್ತದೆ. ಮೂರು ಚಿತ್ರ ಬೇಕು. 'ಹೌದು' ಎನ್ನುವಾಗ ತುಟಿ ಒಮ್ಮೆಯೂ ಮುಚ್ಚುವುದಿಲ್ಲ. ಒಂದು ಮನೆಮಾತನ್ನು ತೆಗೆದು ಅಲ್ಲಿ ಪುಸ್ತಕದ ಮಾತು ಇಟ್ಟರೆ ಮುಖವೇ ಬದಲಾಗುತ್ತದೆ ಅನ್ನುವುದು ಬರೀ ಮಾತಿಗೆ ಹೇಳುವುದಲ್ಲ. ಬಿಡಿಸುವವನ ಪೆನ್ನಿಗೆ ಅದು ಗೊತ್ತಾಗುತ್ತದೆ.

ಮಲಯಾಳದಲ್ಲೂ ಹೀಗೇ. ತೆಂಕಣ ಕೇರಳದವರು ನೀರಿಗೆ 'ವೆಳ್ಳಂ' ಎನ್ನುವಾಗ ಕೆಳತುಟಿ ಹಲ್ಲಿಗೆ ತಾಗುತ್ತದೆ. ಕಾಸರಗೋಡಿನವರು 'ಬೆಳ್ಳಂ' ಎನ್ನುತ್ತಾರೆ, ತುಟಿ ಪೂರಾ ಮುಚ್ಚುತ್ತದೆ. 'ವನ್ನು' ಇಲ್ಲಿ 'ಬನ್ನು'. ತಿರುವನಂತಪುರದವರು ಬಿಡಿಸಿದ ಬಾಯಿಯನ್ನು ನಮ್ಮ ಮಲಯಾಳಕ್ಕೆ ಕೂಡಿಸಿದರೆ ಕೂಡುವುದಿಲ್ಲ. ಇಲ್ಲಿಯ ಮಲಯಾಳವನ್ನು ಅಲ್ಲಿಯವರು ನಗಾಡುವುದುಂಟು. ಇಲ್ಲಿಯ ಕನ್ನಡವನ್ನು ಬೆಂಗಳೂರಿನವರು ನಗಾಡಿದ ಹಾಗೇ.

ಯಾವ ಕನ್ನಡ ಎಂಬ ಪ್ರಶ್ನೆ

ಈಗ ನಿಜವಾದ ಕಷ್ಟಕ್ಕೆ ಬರುತ್ತೇನೆ. ಕಾಸರಗೋಡಿನಲ್ಲಿ ಕನ್ನಡದ ಕೆಲಸ ಎಂದರೆ ಅದಕ್ಕೆ ಒಂದು ಹೋರಾಟದ ನೆನಪು ಅಂಟಿಕೊಂಡೇ ಬರುತ್ತದೆ. ಮೊದಲು ದಕ್ಷಿಣ ಕನ್ನಡಕ್ಕೆ ಸೇರಿದ್ದ ನಾವು 1956ರ ನವೆಂಬರ್ 1ಕ್ಕೆ ಕೇರಳಕ್ಕೆ ಸೇರಿದೆವು. ಚಂದ್ರಗಿರಿ ಹೊಳೆಯ ಬಡಗಣ ಭಾಗವನ್ನು ಮೈಸೂರಿಗೆ ಕೊಡಬೇಕೆಂದು ಮಹಾಜನ ಆಯೋಗ 1967ರಲ್ಲಿ ಹೇಳಿತು. ಹೇಳಿದ್ದು ಹೇಳಿದಲ್ಲೇ ಉಳಿಯಿತು. 1984ರಲ್ಲಿ ಕಾಸರಗೋಡು ಕೇರಳದ ಜಿಲ್ಲೆಯಾಯಿತು. 2017ರಲ್ಲಿ ಕೇರಳ ಶಾಲೆಗಳಲ್ಲಿ ಮಲಯಾಳವನ್ನು ಕಡ್ಡಾಯ ಮಾಡಿದಾಗ ಇಲ್ಲಿ ಮತ್ತೆ ಜನ ಬೀದಿಗೆ ಬಂದರು. ಕವಿ ಕಯ್ಯಾರ ಕಿಞ್ಞಣ್ಣ ರೈಗಳು ಬದುಕಿನ ಕೊನೆಯವರೆಗೂ ಈ ನೋವನ್ನು ಹೇಳುತ್ತಲೇ ಇದ್ದರು.

ಇಷ್ಟೆಲ್ಲ ಆದ ಮೇಲೆ ನಾವು ಹೊರಗಿನವರಿಗೆ ತೋರಿಸುವ ಕನ್ನಡ ಯಾವುದು? ಮಂಜೇಶ್ವರದ ಗೋವಿಂದ ಪೈಗಳ ಕನ್ನಡ, ಅರ್ಥಧಾರಿಗಳ ಕನ್ನಡ. ನೋಡಿ, ಇಲ್ಲಿ ಕನ್ನಡ ಎಷ್ಟು ಗಟ್ಟಿಯಿದೆ ಎಂದು ಎದೆ ತಟ್ಟಿಕೊಳ್ಳಬಹುದಾದ ಕನ್ನಡ. ಅದು ಸುಳ್ಳಲ್ಲ. ಆದರೆ ಪೂರ್ತಿಯೂ ಅಲ್ಲ.

ಕಾಸರಗೋಡಿನ ಕನ್ನಡಿಗನ ಮನೆಯಲ್ಲಿ ರೆಕಾರ್ಡರ್ ಇಟ್ಟರೆ ಅದರಲ್ಲಿ ಕನ್ನಡವೇ ಸಿಗುತ್ತದೆ ಎಂದು ಹೇಳಲಿಕ್ಕಾಗದು. ಕನ್ನಡ ಶಾಲೆಯಲ್ಲಿ ಕಲಿತು, ಕನ್ನಡ ಪೇಪರ್ ಓದಿ, ಯಕ್ಷಗಾನಕ್ಕೆ ಕಣ್ಣೀರು ಹಾಕುವವರ ಮನೆಮಾತು ತುಳು ಇರಬಹುದು. ಕೊಂಕಣಿ ಇರಬಹುದು. ಕರಾಡರ ಮರಾಠಿ, ಬ್ಯಾರಿ, ಮಲಯಾಳ ಇರಬಹುದು. 'ಸಪ್ತಭಾಷಾ ಸಂಗಮ ಭೂಮಿ' ಎಂದು ಭಾಷಣದಲ್ಲಿ ಹೇಳುವಾಗ ಚೆನ್ನಾಗಿ ಕೇಳುತ್ತದೆ. ಅದೇ ಸಂಗಮ ಒಂದೇ ವಾಕ್ಯದಲ್ಲಿ ಆದಾಗ ನಮಗೆ ನಾಚಿಕೆ. ಕತ್ತರಿ ಹುಡುಕುತ್ತೇವೆ.

ನನಗೂ ಹಾಗೇ ಆಯಿತು. ಅತ್ತೆ ನನಗೆ ಅಡಿಕೆಯ ಕ್ರಯದ ಬಗ್ಗೆ ಹವ್ಯಕದಲ್ಲಿ ಹೇಳುತ್ತ ಇದ್ದವರು ಹೊರಗೆ ನೋಡಿ, "ಬರ್ಸ ಬತ್ತ್ಂಡ್!" ಎಂದು ತುಳುವಿನಲ್ಲಿ ಕೂಗಿ, ತಿರುಗಿ ಕ್ರಯಕ್ಕೇ ಬರುತ್ತಾರೆ. ಮೊದಲ ಸಲ ಕತ್ತರಿಸುವಾಗ ಆ ಕೂಗನ್ನು ತೆಗೆದುಬಿಟ್ಟೆ. ಕನ್ನಡ ಚಿತ್ರಕ್ಕೆ ತುಳು ಯಾಕೆ ಎಂದು. ಕೇಳಿದರೆ ಮಾತು ಸತ್ತಿತ್ತು. ಮಳೆ ಬಂದದ್ದು ಅಂಗಳದಲ್ಲಿ ಇದ್ದವರಿಗೆ ಗೊತ್ತಾಗಬೇಕು, ಅವರದ್ದು ತುಳು. ಅಷ್ಟೇ ವಿಷಯ. ಯಾರಿಗೆ ಯಾವ ಮಾತು ಎಂಬುದರಲ್ಲೇ ಆ ಮನೆಯ ಕೆಲಸ, ನೆಂಟಸ್ತನ, ಜಾತಿ, ಎಲ್ಲ ಕೂತಿದೆ. ಕೂಗನ್ನು ವಾಪಸ್ ಹಾಕಿದೆ.

ಹಾಗಾಗಿ ನನ್ನ ಅಭಿಪ್ರಾಯ ಇದು. ಇಂಥ ಚಿತ್ರವನ್ನು ಕನ್ನಡದ ಸಾಕ್ಷಿಯಾಗಿ ಸೋಸಿ ತಯಾರು ಮಾಡಲು ಹೊರಟರೆ ಅದು ಕೆಡುತ್ತದೆ. ಕಾಸರಗೋಡಿನ ಕನ್ನಡ ಒಂಟಿಯಾಗಿ ಬದುಕಿಲ್ಲ. ಆಚೀಚೆಯ ಮಾತುಗಳ ನಡುವೆ ಅದು ಎಲ್ಲಿ ನಿಲ್ಲುತ್ತದೆ, ಎಲ್ಲಿ ಜಾಗ ಬಿಡುತ್ತದೆ ಎಂದು ಕೇಳಿಸುವುದೇ ಈ ಚಿತ್ರಗಳಿಂದ ಆಗಬಹುದಾದ ಕೆಲಸ. ಭಾಷಾ ಹೋರಾಟಕ್ಕೆ ಇದರಿಂದ ಬಲ ಬರುತ್ತದೋ ಇಲ್ಲವೋ, ಅದು ಬೇರೆ ಮಾತು. ಕೆಲವು ಹಿರಿಯರಿಗೆ ಇದು ಸರಿಕಾಣುವುದಿಲ್ಲ ಎಂದೂ ಗೊತ್ತು.

ಇನ್ನೊಂದು ಲಾಭ ಇದೆ. ಇಂಗ್ಲಿಷ್ ಮೀಡಿಯಂ, ಮಲಯಾಳ ಮೀಡಿಯಂನಲ್ಲಿ ಓದುವ ನಮ್ಮ ಎಷ್ಟೋ ಮಕ್ಕಳಿಗೆ ಕನ್ನಡ ಓದಲು ಬರುವುದಿಲ್ಲ. ಕೇಳಿದರೆ ಎಲ್ಲ ಅರ್ಥವಾಗುತ್ತದೆ, ಅಜ್ಜಿಯ ಬೈಗುಳ ಸಮೇತ. ಈ ಮಕ್ಕಳಿಗೆ ಪುಸ್ತಕ ಕೊಟ್ಟರೆ ಮುಚ್ಚಿಡುತ್ತಾರೆ. ಎರಡು ನಿಮಿಷದ ಚಿತ್ರ ನೋಡುತ್ತಾರೆ.

ಕೆಳಗೆ ಅಕ್ಷರ ಹಾಕಬೇಕಲ್ಲ, ಅದು ಇನ್ನೊಂದು ತಲೆನೋವು. ನಮ್ಮ ಹವ್ಯಕದಲ್ಲಿ ಹೆಂಗಸರ ಬಗ್ಗೆ ಹೇಳುವಾಗ 'ಅಕ್ಕ ಬಂತು' ಎನ್ನುತ್ತೇವೆ. ಅದರಲ್ಲಿ ಅಗೌರವ ಇಲ್ಲ. ಹಾಗೇ ಅಕ್ಷರಕ್ಕೆ ಇಳಿಸಿದರೆ ಶಿವಮೊಗ್ಗ, ಮೈಸೂರಿನವರು ಹುಬ್ಬೇರಿಸುತ್ತಾರೆ. 'ಅಕ್ಕ ಬಂದಳು' ಎಂದು ತಿದ್ದಿದರೆ ಕಿವಿಗೆ ಒಂದು, ಕಣ್ಣಿಗೆ ಒಂದು. ನಾನು ಆಡಿದ್ದನ್ನು ಆಡಿದ ಹಾಗೆ ಹಾಕಿದ್ದೇನೆ. ತುಳುವನ್ನು ಕನ್ನಡ ಲಿಪಿಯಲ್ಲೇ ಬರೆದು ಅದಕ್ಕೆ ಬೇರೆ ಬಣ್ಣ ಕೊಟ್ಟಿದ್ದೇನೆ. ಅರ್ಥ ಕೊಟ್ಟಿಲ್ಲ. ಮಳೆ ಕಾಣುತ್ತದಲ್ಲ, ಅರ್ಥ ಯಾಕೆ?

ನಗುವುದು ಯಾರನ್ನು ನೋಡಿ?

ಕರಾವಳಿಯ ಮಾತಿಗೆ ಕಾರ್ಟೂನು ಕೂಡಿಸಿದ ರೀಲ್ಸ್ ಈಗ ಬೇಕಾದಷ್ಟು ಬರುತ್ತವೆ. ಹೆಚ್ಚಿನವು ನಗೆಗೆ ಮಾಡಿದವು. ನಗುವುದರಲ್ಲಿ ತಪ್ಪಿಲ್ಲ. ಮಾತಾಡಿದವರ ಜತೆ ಕೂತು ನಗುವುದು ಒಂದು, ಅವರು ಮಾತಾಡುವ ರೀತಿಗೇ ನಗುವುದು ಇನ್ನೊಂದು. ಯಾರದೋ ಜಗಳದ ವಾಯ್ಸ್ ಗುಂಪಿನಿಂದ ಗುಂಪಿಗೆ ಹಾರಿ, ಅದಕ್ಕೊಬ್ಬ ಹಲ್ಲುಬ್ಬಿದ ಹೆಂಗಸಿನ ಚಿತ್ರ ಕೂಡಿ, ಲಕ್ಷ ಜನ ನೋಡಿದ ಮೇಲೆ ಆ ಹೆಂಗಸು ಪೇಟೆಗೆ ಹೋಗುವುದು ಹೇಗೆ? ಮುಖ ಕಾಣುವುದಿಲ್ಲ ನಿಜ. ನಮ್ಮಂಥ ಊರಿನಲ್ಲಿ ದನಿಯೇ ಮುಖ. "ಎಂತ ಮಾರಾಯ್ತಿ" ಎಂದು ಎರಡು ಸಲ ಹೇಳಿದರೆ ಇಂಥವರ ಮನೆಯವರು ಎಂದು ಬದಿಯಡ್ಕ ಪೇಟೆಯಲ್ಲಿ ಹೇಳುತ್ತಾರೆ.

ಅನಿಮೇಶನ್ ಮಾತಾಡಿದವರನ್ನು ಮರೆಮಾಡುತ್ತದೆ ಎಂಬ ಮಾತು ನಗರದ ಲೆಕ್ಕದ್ದು. ಲಂಡನ್ನಿನಲ್ಲಿ ಅದು ಸರಿ ಇರಬಹುದು. ಇಲ್ಲಿ ಬರೀ ಚಿತ್ರ ಬದಲಿಸಿದರೆ ಸಾಲದು. ಹೆಸರು, ಜಾಗ, ಗದ್ದೆಯ ಗಡಿ, ಸಾಲದ ಮಾತು ಎಲ್ಲ ತೆಗೆಯಬೇಕು.

ಕಾನೂನು ಎಷ್ಟು ಕಾಯುತ್ತದೆ? ನಮ್ಮ 1957ರ ಕಾಪಿರೈಟ್ ಕಾಯ್ದೆಯ ಪ್ರಕಾರ ಧ್ವನಿಮುದ್ರಣದ ಹಕ್ಕು ಅದನ್ನು ಮಾಡಿಸಿದವರದ್ದು. ಅಂದರೆ ಫೋನ್ ಹಿಡಿದ ನನ್ನದು, ಮಾತಾಡಿದ ಅತ್ತೆಯದ್ದಲ್ಲ. 2023ರ ಡಿಜಿಟಲ್ ವೈಯಕ್ತಿಕ ಮಾಹಿತಿ ಸಂರಕ್ಷಣಾ ಕಾಯ್ದೆ ಒಪ್ಪಿಗೆಯನ್ನು ಮುಂದಿಟ್ಟಿದೆ. ಆದರೆ ಸ್ವಂತಕ್ಕೆ, ಮನೆಮಟ್ಟಿಗೆ ಮಾಡಿದ ಬಳಕೆಯನ್ನು ಹೊರಗಿಟ್ಟಿದೆ. ಅಜ್ಜಿಯ ವಾಯ್ಸನ್ನು ಯೂಟ್ಯೂಬಿಗೆ ಏರಿಸಿದ ಮೇಲೆ ಮನೆಮಟ್ಟಿಗೆ ಎನ್ನಲು ಬಾಯಿ ಬರುವುದು ಕಷ್ಟ.

ಒಪ್ಪಿಗೆಯಲ್ಲೂ ಒಪ್ಪಿಗೆ ಇದೆ. ಅತ್ತೆಯನ್ನು ಕೇಳುವುದು ಸುಲಭ. ಅದೇ ಚಾವಡಿಯಲ್ಲಿ ಅಡಿಕೆ ಸುಲಿಯುತ್ತಿದ್ದವರ ದನಿಯೂ ರೆಕಾರ್ಡಿಂಗಿನಲ್ಲಿ ಇತ್ತು. ಕೆಲಸ ಕೊಡುವ ಮನೆಯ ಹುಡುಗ ಕೇಳಿದರೆ ಅವರು ಬೇಡ ಎನ್ನುತ್ತಾರಾ? "ಆವು", ಅಂದರೆ ಆಗಬಹುದು, ಎಂದು ತಲೆ ಆಡಿಸುತ್ತಾರೆ. ಆ 'ಆವು' ನನಗೆ ಸಾಕಾಗಲಿಲ್ಲ. ಅವರ ಮನೆಗೇ ಹೋಗಿ, ಅವರ ಮಗಳಿಗೆ ರೆಕಾರ್ಡಿಂಗ್ ಕೇಳಿಸಿ ಬಂದೆ. ಎರಡು ದಿನ ಬಿಟ್ಟು ಮಗಳು ವಾಯ್ಸ್ ಹಾಕಿದಳು: ಅಪ್ಪನ ಮಾತು ಬೇಡ, ಕೆಮ್ಮು ಇರಲಿ. ಹಾಗೇ ಮಾಡಿದೆ.

ಯಂತ್ರಗಳ ಬಗ್ಗೆ ಜಾಸ್ತಿ ಹೇಳುವುದಿಲ್ಲ. ಮಾತನ್ನು ಅಕ್ಷರ ಮಾಡುವ ಒಂದು ಆ್ಯಪಿಗೆ ರೆಕಾರ್ಡಿಂಗ್ ಕೊಟ್ಟು ನೋಡಿದೆ. "ಆಸರಿಂಗೆ ಎಂತ ಆಯೆಕ್ಕು?" ಎಂದು ಅತ್ತೆ ಟೀಚರಮ್ಮನನ್ನು ಮರೆತು ನನ್ನನ್ನು ಕೇಳಿದ್ದನ್ನು, ಅಂದರೆ ಕುಡಿಯಲು ಏನು ಬೇಕು ಎಂದದ್ದನ್ನು, ಅದು 'ಹೆಸರಿಗೆ ಎಂಥ ಆಯಕಟ್ಟು' ಎಂದು ಬರೆಯಿತು. ನಕ್ಕು ಸುಮ್ಮನಾದೆ. ಆದರೆ ಅರ್ಧ ನಿಮಿಷದ ಮಾದರಿ ಸಿಕ್ಕಿದರೆ ಅದೇ ದನಿಯಲ್ಲಿ ಬೇರೆ ಮಾತು ಹುಟ್ಟಿಸುವ ತಂತ್ರ ಈಗ ಇದೆ. ಆಡದ ಮಾತಿಗೆ ಬಾಯಿ ಬಿಡಿಸಿದರೆ ಅದು ಈ ಬಗೆಯ ಚಿತ್ರವೇ ಅಲ್ಲ. ಈ ಚಿತ್ರಗಳಿಗೆ ಇರುವ ಆಸ್ತಿ ಒಂದೇ, ಯಾರೋ ಅದನ್ನು ನಿಜವಾಗಿ ಆಡಿದ್ದಾರೆ ಎಂಬುದು.

ತೋರಿಸುವುದು ಎಲ್ಲಿ? ಕೇರಳದ ಚಲನಚಿತ್ರ ಅಕಾಡೆಮಿ 2008ರಿಂದ ಸಾಕ್ಷ್ಯಚಿತ್ರ, ಕಿರುಚಿತ್ರಗಳ ಅಂತಾರಾಷ್ಟ್ರೀಯ ಉತ್ಸವ ನಡೆಸುತ್ತ ಬಂದಿದೆ. ಅಲ್ಲಿ ಅನಿಮೇಶನ್ನಿಗೂ ಜಾಗ ಇದೆ. ಅದು ತಿರುವನಂತಪುರದಲ್ಲಿ, ನಮ್ಮ ರಾಜಧಾನಿ, ಇಲ್ಲಿಂದ 550 ಕಿಲೋಮೀಟರಿಗೂ ಜಾಸ್ತಿ. ಮಂಗಳೂರು 50 ಕಿಲೋಮೀಟರ್, ಬೇರೆ ರಾಜ್ಯ. ನನಗೆ ಕಾಣುವ ಸುಲಭದ ಜಾಗ ಊರಿನ ವಾಚನಾಲಯ, ಶಾಲೆಯ ವಾರ್ಷಿಕೋತ್ಸವ, ಬಯಲಾಟ ಶುರುವಾಗುವ ಮೊದಲಿನ ಹದಿನೈದು ನಿಮಿಷ. ಮಾತು ಗೊತ್ತಿರುವವರು ಒಟ್ಟಿಗೆ ಕೂತು ನೋಡಿದರೆ ಯಾವುದು ಸುಳ್ಳಾಗಿದೆ ಎಂದು ಅಲ್ಲೇ ಹೇಳುತ್ತಾರೆ.

ನನ್ನ ಚಿತ್ರದ ಮೊದಲ ತೀರ್ಪುಗಾರರು ಅತ್ತೆಯೇ. ನಿಮ್ಮನ್ನು ಒಂದು ಪ್ರಾಣಿ ಮಾಡುತ್ತೇನೆ ಎಂದಾಗ ಅವರು ಹೇಳಿದ್ದು ಒಂದೇ ಮಾತು: "ಎನ್ನ ಮಂಗ ಮಾಡೆಡ ಮಾಣಿ." ನನ್ನನ್ನು ಮಂಗ ಮಾಡಬೇಡ ಎಂದು, ಎರಡು ಅರ್ಥವೂ ಇಟ್ಟೇ ಹೇಳಿದ್ದು. ತೋಟದ ಎಳನೀರನ್ನೆಲ್ಲ ಮಂಗ ಹಾಳುಮಾಡುತ್ತಿರುವಾಗ ಆ ಪ್ರಾಣಿ ಮೊದಲೇ ಬೇಡ. ಮಳೆ ಬಂದಾಗ ಮಾತು ನಿಲ್ಲಿಸದ್ದು ಯಾವುದು ಎಂದು ಅವರೇ ಯೋಚಿಸಿ ಕಪ್ಪೆ ಆಗಬಹುದು ಎಂದರು.

ಚಿತ್ರ ಮುಗಿಸಿ ತೋರಿಸಿದೆ. ಅತ್ತೆ ಕಪ್ಪೆಯನ್ನು ನೋಡಿದ್ದು ಕಡಿಮೆ, ಕಿವಿಗೊಟ್ಟು ಕೇಳಿದ್ದು ಜಾಸ್ತಿ. ಒಂದು ಕಡೆ ಕೈ ಎತ್ತಿ ನಿಲ್ಲಿಸಲು ಹೇಳಿದರು. ಆಚೆಮನೆಯ ಬೇಲಿಯ ವಿಷಯ ಬಂದದ್ದು ಅಲ್ಲಿ. 11 ಸೆಕೆಂಡು. ಇಡೀ ಚಿತ್ರದಲ್ಲಿ ನನಗೆ ತುಂಬ ಇಷ್ಟವಾದದ್ದು ಅದೇ, ಕಪ್ಪೆಯ ಗಂಟಲು ಉಬ್ಬಿ ಇಳಿಯುವುದನ್ನು ಎರಡು ವಾರ ಕೂತು ಬಿಡಿಸಿದ್ದೆ. "ಅದರ ತೆಗೆ" ಎಂದರು ಅತ್ತೆ.

132 ಚಿತ್ರ ಹೋಯಿತು. ಆ ಜಾಗದಲ್ಲಿ ಈಗ ಒಂದೇ ಚಿತ್ರ ಇದೆ. ಕಪ್ಪೆ ಬಾಯಿ ಮುಚ್ಚಿ ಕೂತಿದೆ, ಮಳೆ ಸುರಿಯುತ್ತಿದೆ, ಹಿಂದೆ ಯಾರೋ ಒಮ್ಮೆ ಕೆಮ್ಮುತ್ತಾರೆ.